ಮಾತಿನ ಸಂದಿಗೆ ಬಿದ್ದ ಪಿಯಾನೊ

ಓಜೆಲ್ಲಾ ಟಾರ್ಪ್ಲಿಯ ಕೈಗಳು ಅವಳವಲ್ಲ, ದೇವರವು. ಹಾಗೆಂದು ಅವಳ ತಾಯಿ ಆರ್ಲೀನಾ ಬೀದಿಗೆಲ್ಲ ಹೇಳಿಕೊಂಡು ಬಂದಿದ್ದಳು. ಮಿಸಿಸಿಪ್ಪಿಯಲ್ಲಿದ್ದಾಗ, ಹುಡುಗಿಯ ಹಾಲುಹಲ್ಲು ಇನ್ನೂ ಬಿದ್ದಿರಲಿಲ್ಲ, ಬಟ್ಟೆ ಕುದಿಸುವ ಹಂಡೆಗೆ ಎರಡೂ ಕೈ ಅದ್ದಿಬಿಟ್ಟಿದ್ದಳು. ಬೆರಳುಗಳು ಮುದುಡಿ ಅಂಟಿಕೊಂಡವು. ಆಗ ಆರ್ಲೀನಾ ಹರಕೆ ಹೊತ್ತಳು, ಇವು ನೆಟ್ಟಗಾದರೆ ನಿನ್ನವೇ ಸ್ವಾಮಿ ಎಂದು. ಬೆರಳುಗಳು ನೆಟ್ಟಗಾದವು. ಹರಕೆ ಹೊತ್ತವಳು ತಾಯಿ, ತೀರಿಸಬೇಕಾದವಳು ಮಗಳು. ಇದು ಯಾವ ಊರಿನ ನ್ಯಾಯವೋ ನನಗೆ ತಿಳಿಯದು, ಆದರೆ ಓಜೆಲ್ಲಾ ಒಂದು ದಿನವೂ ಅದನ್ನು ಕೇಳಿದವಳಲ್ಲ.

ಆಮೇಲೆ ತಾಯಿ ಮಗಳು ದಕ್ಷಿಣದ ನಮ್ಮ ಕರಿಯ ಜನರೆಲ್ಲರ ಹಾಗೆ ರೈಲು ಹತ್ತಿ ಚಿಕಾಗೋಗೆ ಬಂದರು. ಇಂಡಿಯಾನಾ ಬೀದಿಯಲ್ಲಿ, ಹಿಂದೆ ಕುರ್ಚಿ ಮೇಜು ಮಾರುತ್ತಿದ್ದ ಅಂಗಡಿಯೊಂದು ಚರ್ಚಾಗಿತ್ತು. ಗಾಜಿನ ಕಿಟಕಿಗೆ ಬಣ್ಣದ ಕಾಗದ ಅಂಟಿಸಿದ್ದರು, ಗೋಡೆಗೆ ಒಂದು ಹಳೆ ಪಿಯಾನೊ ಒರಗಿಸಿದ್ದರು. ಓಜೆಲ್ಲಾ ಅದರ ಮುಂದೆ ಲಂಗದ ಹುಡುಗಿಯಾಗಿ ಕುಳಿತವಳು ತಲೆಯಲ್ಲಿ ಬಿಳಿಕೂದಲು ಕಾಣಿಸಿಕೊಂಡರೂ ಎದ್ದಿರಲಿಲ್ಲ. ವಾರವಿಡೀ ಆಸ್ಪತ್ರೆಯ ಬಟ್ಟೆ ಒಗೆಯುವ ಮನೆಯಲ್ಲಿ ಇಸ್ತ್ರಿ, ಭಾನುವಾರ ಚರ್ಚು. ಮಧ್ಯೆ ಒಬ್ಬ ರೈಲ್ವೆ ಪೋರ್ಟರ್ ಅವಳನ್ನು ಮೆಚ್ಚಿ ಒಂದೆರಡು ಭಾನುವಾರ ಚರ್ಚಿಗೂ ಬಂದ. "ಅವನು ಚಪ್ಪಾಳೆ ಹೊಡೆಯೋದೇ ತಾಳಕ್ಕೆ ಕೂಡಲ್ಲ ಕಣೇ, ಸಂಸಾರ ಎಲ್ಲಿ ಕೂಡೀತು?" ಎಂದಳು ಆರ್ಲೀನಾ. ಪೋರ್ಟರ್ ಬೇರೆ ಕಡೆ ಮದುವೆಯಾಗಿ ಸುಖವಾಗಿದ್ದಾನೆ.

ನಮ್ಮ ಚರ್ಚುಗಳಲ್ಲಿ ಪಿಯಾನೊ ಬರೀ ಹಾಡಿಗಲ್ಲ, ಮಾತಿಗೂ ಬೇಕು. ಬೋಧಿಸುವವರು ಒಂದು ವಾಕ್ಯ ಹೇಳಿ ಉಸಿರು ತೆಗೆದುಕೊಳ್ಳುವ ಸಂದಿನಲ್ಲಿ ಪಿಯಾನೊ ಉತ್ತರ ಕೊಡಬೇಕು. ಮೊದಮೊದಲು ಮೆಲ್ಲಗೆ, ಅವರ ದನಿ ಏರಿದ ಹಾಗೆ ಏರುತ್ತ. ಅವರು ಎಲ್ಲಿ ನಿಲ್ಲಿಸುತ್ತಾರೆ ಎಂಬುದು ಅವರಿಗಿಂತ ಮೊದಲು ನುಡಿಸುವವಳಿಗೆ ಗೊತ್ತಿರಬೇಕು. ಪಾಸ್ಟರ್ ಬೇನ್ಸ್ ಅಂಥ ದೊಡ್ಡ ಮಾತುಗಾರರೇನಲ್ಲ. ಆದರೆ ಓಜೆಲ್ಲಾ ಹಿಂದಿನಿಂದ ಎತ್ತಿ ಹಿಡಿದರೆ ಅವರ ಸಾಧಾರಣ ಮಾತಿಗೂ ಹೆಂಗಸರು ಎದ್ದು ಕುಣಿಯುತ್ತಿದ್ದರು. ಮೇಲಿನಿಂದ ಕುಣಿಯುತ್ತ ಇಳಿದು, ಕೊನೆಗೆ ಕಾಲೂರಿ ನಿಲ್ಲುವ ಅವಳ ಉತ್ತರವನ್ನು ಕಣ್ಣು ಮುಚ್ಚಿ ಕೇಳಿದರೂ ಯಾರದೆಂದು ಹೇಳಬಹುದಿತ್ತು. ಪಾಸ್ಟರ್‌ಗೆ ಅದು ಊರುಗೋಲು, ಬೇರೆಯವಳು ನುಡಿಸಿದ ದಿನ ಅವರು ವಾಕ್ಯದ ನಡುವೆಯೇ ಎಡವುತ್ತಿದ್ದರು.

ಹೀಗಿದ್ದವಳನ್ನು ಕೆಡಿಸಿದವನು ಲೀಮನ್ ಗ್ರಿಗ್ಸ್. ಆಸ್ಪತ್ರೆಯ ಬಟ್ಟೆ ಸಾಗಿಸುವ ಲಾರಿ ಓಡಿಸುತ್ತಿದ್ದ, ಶನಿವಾರ ಬಂತೆಂದರೆ ಸೂಟು ಹಾಕಿ ಪಡಖಾನೆಯಲ್ಲಿ ಕರೆಂಟಿನ ಗಿಟಾರ್ ಹಿಡಿದು, ಚರ್ಚಿನವರು ಸೈತಾನನ ಹಾಡೆನ್ನುವ ಬ್ಲೂಸ್ ಹಾಡುತ್ತಿದ್ದ. ಓಜೆಲ್ಲಾ ಇಸ್ತ್ರಿ ಮೇಜಿನ ಮೇಲೆ ಬೆರಳಲ್ಲಿ ತಾಳ ಹಾಕುವುದನ್ನು ಅವನು ಬಾಗಿಲಲ್ಲಿ ನಿಂತು ನೋಡಿದ.

"ಏನೇ ಓಜಿ, ಆ ಮೇಜಿಗೆ ಪುಣ್ಯ ಬಂತು. ನಮ್ಮ ಪಿಯಾನೊದವನು ಡೆಟ್ರಾಯಿಟ್‌ಗೆ ಓಡಿಹೋದ. ಒಂದೇ ಒಂದು ಶನಿವಾರ ಬಾ."

"ನನ್ನಮ್ಮ ಕೊಂದುಹಾಕ್ತಾಳೆ."

"ಶನಿವಾರ ಆಸ್ಪತ್ರೇಲಿ ಎರಡನೇ ಪಾಳಿ ಅಂತ ಹೇಳು. ಸುಳ್ಳೇನಲ್ಲ. ಪಡಖಾನೆಗೆ ಬರೋರೆಲ್ಲ ಕಾಯಿಲೆಯವರೇ."

ಒಂದು ಶನಿವಾರ ಹೋಗಿ ಎಲ್ಲ ಶನಿವಾರಗಳೂ ಆದವು. ಅಲ್ಲಿ ಅವಳು ಕಂಡದ್ದು ಕುಡಿತವೂ ಅಲ್ಲ, ಗಂಡಸರೂ ಅಲ್ಲ. ಕುಡಿಯುವವರ ಮುಂದೆ ಕಿತ್ತಳೆ ಪಾನಕ ಇಟ್ಟುಕೊಂಡು ಕುಳಿತಿರುತ್ತಿದ್ದಳು. ಅಲ್ಲಿ ಪಿಯಾನೊ ಯಾರ ಮಾತಿಗೂ ಕಾಯಬೇಕಾಗಿರಲಿಲ್ಲ, ಅಷ್ಟೇ. ಮನಸ್ಸಿಗೆ ಬಂದರೆ ತಪ್ಪು ಸ್ವರವನ್ನು ಬೇಕೆಂದೇ ಒತ್ತಿ ನಗಬಹುದಿತ್ತು. ಹುಟ್ಟಿದಾಗಿನಿಂದ ಮೊದಲ ಸಲ ಅವಳು ತನಗಾಗಿ ಏನನ್ನೋ ಮಾಡುತ್ತಿದ್ದಳು, ಅದರ ರುಚಿ ಹತ್ತಿಬಿಟ್ಟಿತ್ತು. ಮನೆಗೆ ಬಂದರೆ ತಾಯಿ ಬೋಗುಣಿಯಲ್ಲಿ ಉಪ್ಪು ಹಾಕಿದ ಬಿಸಿನೀರು ಇಟ್ಟುಕೊಂಡು ಕಾದಿರುತ್ತಿದ್ದಳು. ಇಸ್ತ್ರಿ ಮಾಡಿ ಕೈ ನೊಂದಿರುತ್ತದಲ್ಲ! ಓಜೆಲ್ಲಾ ತಲೆ ತಗ್ಗಿಸಿ ಕೈ ಅದ್ದುತ್ತಿದ್ದಳು.

ಸಾವಿರದ ಒಂಬೈನೂರ ಅರವತ್ತನಾಲ್ಕರ ಬೇಸಿಗೆಯಲ್ಲಿ ಗ್ರಿಗ್ಸ್ ಕುಣಿಯುತ್ತ ಬಂದ. ಊರಿನ ಒಂದು ಟೀವಿಯವರು ಶನಿವಾರ ಸಂಜೆಯ ಕಾರ್ಯಕ್ರಮಕ್ಕೆ ಅವನ ತಂಡವನ್ನು ಕರೆದಿದ್ದರು. ಅದಕ್ಕಿಂತ ದೊಡ್ಡ ಸುದ್ದಿ ಇನ್ನೊಂದಿತ್ತು. ಚಳಿಗಾಲಕ್ಕೆ ಮುಂಚೆ ಜರ್ಮನಿ, ಇಂಗ್ಲೆಂಡಿಗೆ ತಂಡ ಒಯ್ಯುವವನೊಬ್ಬ ಬಂದಿದ್ದಾನೆ, ಟೀವಿಯಲ್ಲಿ ನೋಡಿಕೊಂಡು ಒಪ್ಪುತ್ತಾನೆ.

"ಅಲ್ಲಿ ಜನ ಸೂಟು ಹಾಕ್ಕೊಂಡು, ಬಾಯಿ ಮುಚ್ಕೊಂಡು, ಬ್ಲೂಸ್ ಕೇಳ್ತಾರಂತೆ ಕಣೇ! ಚರ್ಚಲ್ಲಿ ಕೂತಂಗೆ!" ಎಂದ.

"ಹಾಗಾದ್ರೆ ನನಗೇನು ಲಾಭ?" ಎಂದು ನಕ್ಕಳು ಓಜೆಲ್ಲಾ. ಆಮೇಲೆ ನಗು ನಿಂತಿತು. "ಟೀವೀಲಿ ಮುಖ ಕಂಡ್ರೆ ಮುಗೀತು ಲೀಮನ್. ನಮ್ಮಮ್ಮಂಗೆ ಟೀವಿ ಇಲ್ಲ, ಬೀದಿಗೆಲ್ಲ ಇದೆ."

"ಮುಖ ಕಾಣದ ಹಾಗೆ ಕೂರಿಸೋದು ನನ್ನ ಜವಾಬ್ದಾರಿ. ನೀನಿಲ್ದೆ ನಾನು ಹಾಡಿದ್ರೆ ಆ ಮನುಷ್ಯ ನನ್ನನ್ನ ಹಡಗು ಹತ್ತಿಸಲ್ಲ, ಹೊಳೆಗೆ ತಳ್ತಾನೆ."

ಚಿತ್ರ ತೆಗೆಯುವುದು ಗುರುವಾರ ಮಧ್ಯಾಹ್ನ ಇತ್ತು. ತಂಡದವರು ಇಸ್ತ್ರಿ ಹಾಕಿದ ಸೂಟಿನಲ್ಲಿ, ಹೊಳೆಯುವ ಬೂಟಿನಲ್ಲಿ ಹೋದರು. ಒಳಗೆ ಹೋಗಿ ನೋಡಿದರೆ ಟೀವಿಯವರು ಹಳ್ಳಿ ಕಟ್ಟಿಟ್ಟಿದ್ದರು! ಮರದ ಮುಖಮಂಟಪ, ಒಣಹುಲ್ಲಿನ ಕಟ್ಟು, ಒಂದು ಗಾಡಿ ಚಕ್ರ. ಮೂಲೆಯಲ್ಲಿ ಒಂದು ಜೀವಂತ ಕೋಳಿಯೂ ಇತ್ತು, ದೀಪಗಳ ಸೆಕೆಗೆ ಬಾಯಿ ತೆರೆದುಕೊಂಡು. ಬ್ಲೂಸ್ ಅಂದರೆ ಹೀಗೇ ಇರಬೇಕೆಂದು ಅವರಿಗೆ ಯಾರು ಹೇಳಿದರೋ. ಹುಲ್ಲಿನ ಟೋಪಿ ಹಿಡಿದು ಬಂದ ಹುಡುಗಿಯನ್ನು ಗ್ರಿಗ್ಸ್ ಮೇಲಿಂದ ಕೆಳಗೆ ನೋಡಿದ.

"ತಾಯಿ, ಈ ಹುಲ್ಲು ನೋಡಬಾರದು ಅಂತಾನೇ ನಾನು ಮಿಸಿಸಿಪ್ಪಿ ಬಿಟ್ಟು ಬಂದಿದ್ದು. ಇಲ್ಲೂ ಅಟ್ಟಿಸಿಕೊಂಡು ಬಂತಾ?"

ಟೋಪಿ ಹಾಕಿಕೊಳ್ಳಲಿಲ್ಲ, ಆದರೆ ಹುಲ್ಲಿನ ಮೇಲೆ ಕೂತ. ಹಡಗು ಹತ್ತಬೇಕಿತ್ತಲ್ಲ. ಓಜೆಲ್ಲಾಗೆ ಮಾತ್ರ ಆ ಮುಖಮಂಟಪ ದೇವರೇ ಕಳಿಸಿದಂತೆ ಕಂಡಿತು. ಅದರ ಕಂಬದ ಹಿಂದೆ ಪಿಯಾನೊ ಸರಿಸಿಕೊಂಡು ಕೂತಳು. ಕ್ಯಾಮೆರಾದವನು ಬಗ್ಗಿ ನೋಡಿ, "ಅಮ್ಮಾ, ನಿಮ್ಮ ಮುಖಾನೇ ಬರ್ತಿಲ್ಲ, ಬರೀ ತೋಳು," ಎಂದ. "ತೋಳೇ ಚೆನ್ನಾಗಿರೋದು," ಎಂದಳು. ಅವಳಿಗೆ ಆಗ ಭಯವೂ ಇತ್ತು, ಮದುವೆಮನೆಯಲ್ಲಿ ಕದ್ದು ಸಿಹಿ ತಿಂದ ಮಗುವಿನ ಖುಷಿಯೂ ಇತ್ತು.

ಕಾರ್ಯಕ್ರಮ ನಡೆಸುವವನು ಪರ್ವಿಸ್ ಡೇಡ್, ರೇಡಿಯೊದಲ್ಲಿ ಮಾತಾಡಿ ಹೆಸರು ಮಾಡಿದವನು, ನಮ್ಮವನೇ. ಅಪ್ಪ ಜಾರ್ಜಿಯಾದ ಬೋಧಕ. ಮಗ ದೇವರನ್ನು ಬಿಟ್ಟಿದ್ದ, ಆ ದನಿಯನ್ನು ಬಿಟ್ಟಿರಲಿಲ್ಲ. ಕೆಂಪು ದೀಪ ಹತ್ತಿತು. ಡೇಡ್ ಕ್ಯಾಮೆರಾದ ಕಡೆ ತಿರುಗಿದ.

"ನಾನು ಇವತ್ತು ನಿಮ್ಮ ಮುಂದೆ ಒಬ್ಬ ಮನುಷ್ಯನ್ನ ತಂದಿದೀನಿ," ಎಂದು ಹೇಳಿ ಉಸಿರು ತೆಗೆದುಕೊಂಡ.

ಆ ಸಂದಿನಲ್ಲಿ ಪಿಯಾನೊ ಉತ್ತರ ಕೊಟ್ಟಿತು. ಮೇಲಿನಿಂದ ಕುಣಿಯುತ್ತ ಇಳಿದು, ಕಾಲೂರಿ ನಿಂತಿತು. ಓಜೆಲ್ಲಾ ಯೋಚಿಸಿ ಮಾಡಿದ್ದಲ್ಲ. ದನಿ ಏರಿ ನಿಂತಿತು, ಬೆರಳು ಇಳಿಯಿತು.

ಡೇಡ್‌ನ ಕಣ್ಣು ಹೊಳೆಯಿತು. ಮಗುವಾಗಿದ್ದಾಗ ಅಪ್ಪನ ಹಿಂದೆ ಕೇಳಿದ್ದು ಇಲ್ಲಿ ತನ್ನ ಹಿಂದೆ ಕೇಳಿಸಿದರೆ ಬಿಟ್ಟಾನೆಯೇ? ಒಂದೇ ವಾಕ್ಯದಲ್ಲಿ ಮುಗಿಸಬೇಕಾದವನು ಎಳೆದ. "ಹೊಲದಿಂದ ಬಂದ ಮನುಷ್ಯ!" ಎಂದ. ಪಿಯಾನೊ ಹೌದೆಂದಿತು. "ಲಾರಿ ಓಡಿಸೋ ಮನುಷ್ಯ!" ಪಿಯಾನೊ ಇನ್ನೂ ಗಟ್ಟಿಯಾಗಿ ಹೌದೆಂದಿತು. "ನಿಮ್ಮ ಎದೇಲಿರೋದನ್ನ ನಿಮಗಿಂತ ಚೆನ್ನಾಗಿ ಹೇಳೋ ಮನುಷ್ಯ!" ಅಷ್ಟು ಹೊತ್ತಿಗೆ ದೀಪ ಹಿಡಿದವನೂ ಆಮೆನ್ ಎಂದು ಕೂಗಿಬಿಟ್ಟಿದ್ದ. ಹಾಡು ಶುರುವಾಯಿತು. ಆ ಹಾಡಿಗೆ ಓಜೆಲ್ಲಾ ಎಂದೂ ಅಷ್ಟು ಚೆನ್ನಾಗಿ ನುಡಿಸಿರಲಿಲ್ಲ. ಮುಗಿದ ಮೇಲೆ ತಾನು ಏನು ಮಾಡಿದೆನೆಂದು ಆಗ ಹೊಳೆಯಿತು.

ಎದ್ದು ಹೋಗಿ ಟೀವಿಯ ಯಜಮಾನನ ಮುಂದೆ ನಿಂತಳು. "ಅಯ್ಯಾ, ಅವರ ಮಾತಿನ ಜಾಗ ಇನ್ನೊಂದ್ಸಲ ತೆಗೀರಿ. ನಾನು ನಡುವೆ ಬಾಯಿ ಹಾಕಿದ್ದು ತಪ್ಪಾಯ್ತು."

"ತಪ್ಪಾ? ಇವತ್ತಿನ ಕಾರ್ಯಕ್ರಮದಲ್ಲಿ ಇದ್ದಿದ್ದೇ ಅದೊಂದು, ಮಾರಾಯ್ತಿ. ಮುಟ್ಟೋ ಮಾತೇ ಇಲ್ಲ."

ಗ್ರಿಗ್ಸ್‌ಗೂ ಅರ್ಥವಾಗಲಿಲ್ಲ. "ಮುಖ ಕಾಣ್ಲಿಲ್ವಲ್ಲೇ, ಇನ್ನೇನು ಗೋಳು?" ಎಂದ. ಅವನು ಚರ್ಚಿಗೆ ಹೋಗಿ ಎಷ್ಟು ಕಾಲವಾಗಿತ್ತೋ. ಮುಖ ಮುಚ್ಚಿಕೊಂಡು ಹೆಸರು ಕೂಗಿದಂತಾಯಿತು ಎಂದು ಅವನಿಗೆ ಹೇಗೆ ಬಿಡಿಸಿ ಹೇಳುವುದು? ತಂಡ ಒಯ್ಯುವವನು ಮಾತ್ರ ಅಲ್ಲೇ ನಿಂತು ನೋಡಿ ಒಪ್ಪಿಬಿಟ್ಟ. ಆ ಪಿಯಾನೊದವಳು ಬೇಕೇ ಬೇಕು, ಸೋಮವಾರ ಹೆಸರು ಖಾತ್ರಿ ಮಾಡಿ ಎಂದ.

ಶನಿವಾರ ಸಂಜೆ ಓಜೆಲ್ಲಾ ಎಲ್ಲಿಗೂ ಹೋಗಲಿಲ್ಲ. ಅಡುಗೆಮನೆಯಲ್ಲಿ ತಾಯಿಯ ಜೊತೆ ಅಲಸಂದೆ ಬಿಡಿಸುತ್ತ ಕೂತಳು. ಪಕ್ಕದ ಮನೆಯ ಮೋಜೆಲ್ ಕ್ರಂಪ್ ಚರ್ಚಿನ ಹಾಡಿನ ಗುಂಪಿನವಳು, ಶನಿವಾರ ಸಂಜೆ ಕುಸ್ತಿ ನೋಡುತ್ತಾಳೆ, ಕುಸ್ತಿ ಬರುವುದು ಬೇರೆ ಚಾನೆಲ್ಲಿನಲ್ಲಿ. ಅವತ್ತು ಕುಸ್ತಿ ಇರಲಿಲ್ಲವೋ ಏನೋ, ಗೋಡೆಯ ಆಚೆಯಿಂದ ಡೇಡ್‌ನ ದನಿ ಬಂತು. ಅದರ ಬೆನ್ನಿಗೇ ಪಿಯಾನೊ ಬಂತು.

ಆರ್ಲೀನಾಳ ಮುಖ ಅರಳಿತು. "ಕೇಳೇ, ನೀನು ನುಡಿಸ್ತಿರೋದು! ಪಾಸ್ಟರ್ ರೇಡಿಯೊದಲ್ಲಿ ಬರ್ತಿದಾರಾ? ನನಗೆ ಹೇಳ್ಲೇ ಇಲ್ಲ."

ಅಷ್ಟರಲ್ಲಿ ಗಿಟಾರು ಬಿತ್ತು, ಹೆಂಡತಿ ಬಿಟ್ಟುಹೋದಳೆಂಬ ಹಾಡನ್ನು ಗ್ರಿಗ್ಸ್ ಎತ್ತಿಕೊಂಡ. ಮುದುಕಿಯ ಕೈ ನಿಂತಿತು. ಹಾಡು ಮುಗಿದ ಮೇಲೆ ಆರ್ಲೀನಾ ಬಿಡಿಸಿದ ಕಾಳನ್ನೇ ಮತ್ತೆ ಮತ್ತೆ ಆರಿಸುತ್ತ ಕೇಳಿದಳು.

"ಶನಿವಾರದ ಪಾಳಿ?"

"ಪಾಳಿ ಇರ್ಲಿಲ್ಲಮ್ಮ."

"ನಾನು ನೀರು ಕಾಯಿಸಿ ಇಡ್ತಿದ್ದೆ."

"ಹೂಂ."

"ನೀನು ಅದರಲ್ಲಿ ಕೈ ಅದ್ದುತ್ತಿದ್ದೆ, ನನ್ನೆದುರಿಗೇ."

ಬೈದಿದ್ದರೆ, ಹೊಡೆದಿದ್ದರೆ ಓಜೆಲ್ಲಾ ತಡೆದುಕೊಳ್ಳುತ್ತಿದ್ದಳು. ಮುದುಕಿ ಎದ್ದು ಎಂದಿನಂತೆ ಮಗಳಿಗೆ ತಟ್ಟೆ ಹಾಕಿದಳು, ಹಂದಿಮಾಂಸ ಹಾಕಿ ಬೇಯಿಸಿದ ಸೊಪ್ಪು, ಮೆಕ್ಕೆಜೋಳದ ಬ್ರೆಡ್ಡು. ಕಣ್ಣು ಮಾತ್ರ ಎತ್ತಲಿಲ್ಲ.

ಕತ್ತಲಾಗುವ ಮೊದಲೇ ಪಾಸ್ಟರ್ ಬೇನ್ಸ್ ಬಂದರು. ಟೋಪಿಯನ್ನು ಕೈಯಲ್ಲಿ ತಿರುಗಿಸುತ್ತ ನಿಂತರು. "ವಾರ್ತೆ ನೋಡೋಣ ಅಂತ ಹಾಕಿದ್ದೆ," ಎಂದರು ಮೊದಲು. ಆ ಶನಿವಾರ ಚರ್ಚಿನವರೆಲ್ಲ ವಾರ್ತೆ ನೋಡಲೆಂದೇ ಟೀವಿ ಹಾಕಿದ್ದರೆಂದು ಆಮೇಲೆ ತಿಳಿಯಿತು, ಇಷ್ಟು ಲೋಕಜ್ಞಾನದ ಸಭೆ ಚಿಕಾಗೋದಲ್ಲಿ ಇನ್ನೊಂದಿರಲಾರದು.

"ತಂಗಿ, ಪಡಖಾನೇಲಿ ನುಡಿಸಿದ್ದು ತಪ್ಪು. ಅದನ್ನ ದೇವರು ನೋಡ್ಕೊಳ್ತಾನೆ. ಆದ್ರೆ ನನ್ನ ಮಾತಿಗೆ ಕೊಡೋ ಉತ್ತರಾನ ಆ ರೇಡಿಯೊದವನ ಮಾತಿಗೆ ಕೊಟ್ಟೆಯಲ್ಲ!" ಗಂಡಸಿಗೆ ಹೊಟ್ಟೆಕಿಚ್ಚು ಆಗಿತ್ತು, ಪಾಪ. "ನಾಳೆ ಸಭೆಯ ಮುಂದೆ ನಿಂತ್ಕೋಬೇಕು. ಅಲ್ಲೀವರೆಗೂ ಪಿಯಾನೊ ಮುಟ್ಟಬೇಡ."

ಅದು ನಮ್ಮಲ್ಲಿ ನಡೆದು ಬಂದ ಪದ್ಧತಿ. ತಪ್ಪು ಮಾಡಿದವರು ಸಭೆಯ ಎದುರು ನಿಂತು ಬಾಯಿಬಿಟ್ಟು ಕ್ಷಮೆ ಕೇಳಬೇಕು. ಕೇಳಿದರೆ ಜನ ಕೈ ಎತ್ತಿ ಕ್ಷಮಿಸುತ್ತಾರೆ, ಒಬ್ಬೊಬ್ಬರೇ ಬಂದು ಬಲಗೈ ಹಿಡಿದು ಒಳಗೆ ಕರೆದುಕೊಳ್ಳುತ್ತಾರೆ. ಕೇಳದಿದ್ದರೆ ಬಾಗಿಲು ತೋರಿಸುತ್ತಾರೆ.

ಹಾಸಿಗೆಯಲ್ಲಿ ಮಲಗಿದಾಗ ಓಜೆಲ್ಲಾಗೆ ಆ ಬಾಗಿಲು ಕಂಡಿತು. ತಾನಾಗಿ ಎದ್ದು ಹೋಗುವ ಎದೆಗಾರಿಕೆ ಅವಳಿಗೆ ಈ ಜನ್ಮದಲ್ಲಿ ಇಲ್ಲ. ತಾಯಿಯ ಮುಖ ನೋಡಿ, ನಾನು ಸಮುದ್ರದಾಚೆ ಹೋಗುತ್ತೇನೆ ಎನ್ನಲಾರಳು. ಆದರೆ ಅವರೇ ಹೊರಗೆ ಹಾಕಿದರೆ? ಹಾಕಿಸಿಕೊಳ್ಳಲು ಏನೂ ಮಾಡಬೇಕಾಗಿಲ್ಲ, ಬಾಯಿ ಮುಚ್ಚಿಕೊಂಡು ನಿಂತರೆ ಸಾಕು. ಭಾನುವಾರ ಬಾಯಿ ಮುಚ್ಚಿಕೊಂಡರೆ ಸೋಮವಾರ ಗ್ರಿಗ್ಸ್‌ಗೆ ಹೂಂ ಎನ್ನಬಹುದು. ಹೀಗೆ ಯೋಚಿಸಿದಾಗ ಎದೆ ಹಗುರಾಯಿತು. ಅಂಥ ಹಗುರವನ್ನು ಅವಳು ಚರ್ಚಿನಲ್ಲಿ ಎಂದೂ ಕಂಡಿರಲಿಲ್ಲ, ಹಾಗೆನ್ನಿಸಿದ್ದಕ್ಕೆ ನಾಚಿಕೆಯೂ ಆಯಿತು.

ಭಾನುವಾರ ಕುರ್ಚಿ ಸಾಲದಷ್ಟು ಜನ. ಎಂದೂ ಬರದವರೂ ಬಂದಿದ್ದರು. ಪಿಯಾನೊ ಮುಚ್ಚಿತ್ತು. ಅದಿಲ್ಲದೆ ಎತ್ತಿದ ಮೊದಲ ಹಾಡು ಮಳೆಯಲ್ಲಿ ನೆಂದ ಕಂಬಳಿಯಂತೆ ಜೋತುಬಿತ್ತು, ಮೋಜೆಲ್ ಕ್ರಂಪ್ ಒಬ್ಬಳೇ ಒಂದು ಸ್ವರದಲ್ಲಿ, ಉಳಿದವರು ಇನ್ನೊಂದರಲ್ಲಿ. ಪಾಸ್ಟರ್ ನಡುವೆಯೇ ಕೈ ಎತ್ತಿ ನಿಲ್ಲಿಸಿದರು. "ಓಜೆಲ್ಲಾ ತಂಗಿ, ಮುಂದೆ ಬಾ."

ಅವಳು ಬಂದು ಜನರ ಕಡೆ ಮುಖ ಮಾಡಿ ನಿಂತಳು.

"ಸಭೆಗೆ ಏನಾದ್ರೂ ಹೇಳೋದಿದೆಯಾ?"

ಓಜೆಲ್ಲಾ ತುಟಿ ಬಿಗಿದಳು. ಜನ ಬೀಸಣಿಗೆ ಬೀಸುತ್ತ ಕಾದರು.

"ಕ್ಷಮೆ ಕೇಳ್ತೀಯಾ ತಂಗಿ?" ಪಾಸ್ಟರ್ ದನಿಯಲ್ಲಿ ಬೇಡಿಕೊಳ್ಳುವಂಥದ್ದೇನೋ ಬಂತು. "ಒಂದು ಮಾತು. ಒಂದೇ ಮಾತು ಸಾಕು."

ಅವಳು ಬಾಗಿಲ ಕಡೆ ನೋಡಿದಳು. ಬಿಸಿಲು ಬೀದಿಯಲ್ಲಿ ಬಿದ್ದಿತ್ತು, ಯಾರೋ ಕಾರು ತೊಳೆಯುತ್ತಿದ್ದರು. ಇನ್ನು ಸ್ವಲ್ಪ ಹೊತ್ತು ತಡೆದುಕೊಂಡರೆ ಆಯಿತು. ಪಾಸ್ಟರ್ ತಲೆ ತಗ್ಗಿಸಿ, ಹೇಳಬೇಕಾದ ಕಠಿಣ ಮಾತಿಗೆ ಗಂಟಲು ಸರಿಮಾಡಿಕೊಂಡರು.

ಆಗ ಮುಂದಿನ ಸಾಲಿನಲ್ಲಿ, ಚರ್ಚಿನ ಹಿರಿಯ ಹೆಂಗಸರ ಬಿಳಿ ಉಡುಪಿನಲ್ಲಿ ಕೂತಿದ್ದ ಆರ್ಲೀನಾ ಎದ್ದಳು. ಮಂಡಿನೋವಿನ ಮುದುಕಿ, ಯಾರ ಕೈಯನ್ನೂ ಹಿಡಿಯದೆ ಬಂದು ಮಗಳ ಪಕ್ಕ ನಿಂತು, ಅಲ್ಲೇ ನೆಲಕ್ಕೆ ಮಂಡಿಯೂರಿದಳು. ಮೂಳೆ ಸದ್ದು ಮಾಡಿದ್ದು ಓಜೆಲ್ಲಾಗೆ ಕೇಳಿಸಿತು.

"ಇವಳಿಗೆ ಬಾಯಿ ಬರ್ತಿಲ್ಲ. ಚಿಕ್ಕಂದಿನಿಂದ್ಲೂ ಹಂಗೇ, ಮಾತು ಕಮ್ಮಿ. ಇವಳ ಪರವಾಗಿ ನಾನು ಕೇಳ್ತೀನಿ. ನನ್ನ ಮಗಳನ್ನ ಕ್ಷಮಿಸಿ ಅಣ್ಣಂದಿರಾ, ಅಕ್ಕಂದಿರಾ. ನನಗೆ ಇವಳೊಬ್ಬಳೇ."

ತಪ್ಪು ಮಾಡಿದವರೇ ಕೇಳಬೇಕೆಂಬ ನಿಯಮ ಅಲ್ಲಿದ್ದ ಎಲ್ಲರಿಗೂ ಗೊತ್ತಿತ್ತು. ಯಾರಿಗೂ ಅದು ಬೇಕಾಗಿರಲಿಲ್ಲ. ಪಾಸ್ಟರ್ ಬಾಯಿ ತೆರೆಯುವ ಮೊದಲೇ ಕೈಗಳು ಮೇಲೆದ್ದವು, ಮುಂದಿನಿಂದ ಹಿಂದಿನ ತನಕ, ಒಂದೂ ಬಿಡದೆ.

"ಇಲ್ಲ," ಎಂದಳು ಓಜೆಲ್ಲಾ. ನಿಜವಾಗಿ ಹೇಳಿದಳು. ಸ್ತೋತ್ರದ ಗದ್ದಲದಲ್ಲಿ ಅದು ಯಾರಿಗೂ ಕೇಳಿಸಲಿಲ್ಲ. ಇನ್ನೊಮ್ಮೆ ಹೇಳಲು ಬಾಯಿ ತೆರೆದಳು, ತಾಯಿ ಅವಳ ಲಂಗ ಹಿಡಿದುಕೊಂಡು ಮೇಲೇಳಲು ಹೆಣಗುತ್ತಿದ್ದಳು. ಬಗ್ಗಿ ಎತ್ತಲೇಬೇಕಾಯಿತು.

ಜನ ಸಾಲಾಗಿ ಬಂದು ಬಲಗೈ ಹಿಡಿದರು. ಅಪ್ಪಿಕೊಂಡರು, ಕೆನ್ನೆಗೆ ಮುತ್ತಿಟ್ಟರು. ಅವರ ಪ್ರೀತಿಯಲ್ಲಿ ಕಪಟವಿರಲಿಲ್ಲ, ಅದೇ ಕಷ್ಟವಾದದ್ದು. ಮೋಜೆಲ್ ಕ್ರಂಪ್ ಕಿವಿಯ ಹತ್ತಿರ ಬಾಯಿ ತಂದು, "ಹಾಡು ಮಾತ್ರ ಬಲು ಜೋರಾಗಿತ್ತು ಕಣೇ, ಯಾರಿಗೂ ಹೇಳ್ಬೇಡ," ಎಂದಳು. ಅವಳ ಹಿಂದಿನವನು, "ಆ ಕೋಳಿ ನಿಜವಾದದ್ದಾ?" ಎಂದು ಪಿಸುಗುಟ್ಟಿದ. ಓಜೆಲ್ಲಾಳ ಕಣ್ಣಲ್ಲಿ ನೀರು ಇಳಿಯತೊಡಗಿತು. ಪಶ್ಚಾತ್ತಾಪದ ಕಣ್ಣೀರೆಂದು ತಿಳಿದು ಹೆಂಗಸರು ದೇವರಿಗೆ ಇನ್ನಷ್ಟು ಕೂಗಿ ಸ್ತೋತ್ರ ಹೇಳಿದರು. ಯಾರೋ ಓಡಿಹೋಗಿ ಪಿಯಾನೊದ ಮುಚ್ಚಳ ತೆರೆದರು. ಇಬ್ಬರು ಅವಳ ಹೆಗಲು ಬಳಸಿ ಕರೆದೊಯ್ದು ಕೂರಿಸಿದರು.

ಪಾಸ್ಟರ್ ಬೇನ್ಸ್ ಕಣ್ಣೊರೆಸಿಕೊಂಡು ಜನರ ಕಡೆ ತಿರುಗಿದರು. "ಕಳೆದುಹೋದವಳು ಸಿಕ್ಕಳು," ಎಂದು ಹೇಳಿ ಉಸಿರು ತೆಗೆದುಕೊಂಡು ಕಾದರು. ಪಿಯಾನೊ ಬರಲಿಲ್ಲ. ಓಜೆಲ್ಲಾ ಕೈಗಳನ್ನು ತೊಡೆಯ ಕೆಳಗೆ ಒತ್ತಿ ಹಿಡಿದಿದ್ದಳು. ಅವರು ಇನ್ನೊಮ್ಮೆ ಹೇಳಿದರು, ಇನ್ನೊಮ್ಮೆ ಕಾದರು. ಮೂಲೆಯಲ್ಲಿ ಒಂದು ಕೂಸು ಅತ್ತಿತು. ವಯಸ್ಸಾದ ಆ ಮನುಷ್ಯ ವೇದಿಕೆಯ ಮೇಲೆ ಬಾಯಿ ತೆರೆದುಕೊಂಡು ನಿಂತದ್ದನ್ನು ಅವಳಿಗೆ ನೋಡಲಾಗಲಿಲ್ಲ. ಕೈಗಳನ್ನು ಹೊರಗೆ ತೆಗೆದು ಮೆಲ್ಲಗೆ ಉತ್ತರ ಕೊಟ್ಟಳು.

"ಜೋರಾಗಿ ನುಡಿಸೇ ಮಗಳೇ," ಎಂದಳು ಆರ್ಲೀನಾ ಮುಂದಿನ ಸಾಲಿನಿಂದ, ಸಂತೋಷ ತಡೆಯಲಾರದೆ. "ಹಿಂದಿನವರಿಗೂ ಕೇಳ್ಲಿ."

ಓಜೆಲ್ಲಾ ಜೋರಾಗಿ ನುಡಿಸಿದಳು.